ಸಂಬಳದಲ್ಲಿ ಕಡಿತವಾದ ಕಂತು ಸಂಘಕ್ಕೆ ತಲುಪದಿದ್ದರೆ ಏನು ಮಾಡಬೇಕು?

ತುಮಕೂರಿನ ಅಂತರಸನಹಳ್ಳಿ ಕೈಗಾರಿಕಾ ಪ್ರದೇಶದಲ್ಲಿ ದುಡಿಯುವ ನೌಕರರೊಬ್ಬರನ್ನು ಉದಾಹರಣೆಗೆ ತೆಗೆದುಕೊಳ್ಳೋಣ. ಅವರ ವೇತನ ಚೀಟಿಯಲ್ಲಿ ‘ಸೊಸೈಟಿ’ ಎಂಬ ಸಾಲಿನ ಎದುರು ಪ್ರತಿ ತಿಂಗಳೂ 3,500 ರೂಪಾಯಿ ಕಡಿತವಾಗಿದೆ. ಆದರೆ ನೌಕರರ ಪತ್ತಿನ ಸಹಕಾರ ಸಂಘದ ಪಾಸ್‌ಪುಸ್ತಕದಲ್ಲಿ ಮೂರು ತಿಂಗಳಿಂದ ಅವರ ಸಾಲದ ಒಂದು ಕಂತೂ ಜಮೆಯಾಗಿಲ್ಲ. ಕಂತು ತಪ್ಪಿದ್ದಕ್ಕೆ ಬೀಳುವ ಸುಸ್ತಿ ಬಡ್ಡಿ ಏರುತ್ತಿದೆ, ಜಾಮೀನು ಹಾಕಿದ ಸಹೋದ್ಯೋಗಿಗೂ ನೋಟಿಸು ಬಂದಿದೆ. ಕಡಿತವಾದ 10,500 ರೂಪಾಯಿ ಮಾಲೀಕರ ಖಾತೆಯಲ್ಲೇ ಉಳಿದಿದೆ.

ಈ ಹಣದ ವಿಚಾರದಲ್ಲಿ ಮಾಲೀಕರ ಹೊಣೆಯನ್ನು ಹೇಳುವುದು 1959ರ ಕರ್ನಾಟಕ ಸಹಕಾರ ಸಂಘಗಳ ಅಧಿನಿಯಮದ 34ನೇ ಕಲಂ. ಸಾಲದ ಕಂತನ್ನು ತನ್ನ ಸಂಬಳದಿಂದ ಕಡಿದು ಸಂಘಕ್ಕೆ ಕಟ್ಟಲು ಒಪ್ಪಿ ಸದಸ್ಯರು ಕರಾರು ಪತ್ರ ಬರೆದುಕೊಟ್ಟಿದ್ದು, ಅದರ ಆಧಾರದ ಮೇಲೆ ಸಂಘವು ಲಿಖಿತ ಕೋರಿಕೆ ಸಲ್ಲಿಸಿದ್ದರೆ, ಸಾಲ ಪೂರ್ತಿ ತೀರಿತೆಂದು ಸಂಘ ತಿಳಿಸುವವರೆಗೆ ಕಡಿತ ಮಾಡಿ ಹಣ ಪಾವತಿಸುವುದು ಮಾಲೀಕರ ಕರ್ತವ್ಯವಾಗುತ್ತದೆ. ತಪ್ಪಿದರೆ ಆ ಮೊತ್ತವನ್ನು ಮಾಲೀಕರಿಂದಲೇ ವಸೂಲು ಮಾಡುವ ಹಕ್ಕು ಸಂಘಕ್ಕಿದೆ.

ಆದ್ದರಿಂದ ಸಂಘದ ಕಾರ್ಯದರ್ಶಿಗಳು ಮೊದಲು ತಮ್ಮ ಕಡತವನ್ನೇ ತೆರೆದು ನೋಡಬೇಕು. ಸಾಲದ ಅರ್ಜಿಯ ಕೊನೆಯಲ್ಲಿ ‘ಕಡಿತಕ್ಕೆ ಒಪ್ಪಿದ್ದೇನೆ’ ಎಂಬ ಒಂದು ಸಾಲು ಇದ್ದರೆ ಸಾಲದು. ಸಾಲದ ಮೊತ್ತ, ಕಂತು ಮತ್ತು ಅವಧಿಯನ್ನು ನಮೂದಿಸಿದ, ಸದಸ್ಯರ ಸಹಿಯುಳ್ಳ ಪ್ರತ್ಯೇಕ ಕರಾರು ಪತ್ರವಿರಬೇಕು. ಮಾಲೀಕರಿಗೆ ಕಳುಹಿಸಿದ ಕೋರಿಕೆಯ ಕಚೇರಿ ಪ್ರತಿಯ ಮೇಲೆ ಸ್ವೀಕೃತಿಯ ಮೊಹರೂ ದಿನಾಂಕವೂ ಇರಬೇಕು. ನನ್ನ ಅನುಭವದಲ್ಲಿ ಬಹಳಷ್ಟು ಪ್ರಕರಣಗಳು ಕಾನೂನಿನ ಕೊರತೆಯಿಂದಲ್ಲ, ಈ ಮೊಹರಿಲ್ಲದೆ ಬಿದ್ದುಹೋಗುತ್ತವೆ. ಫೋನಿನಲ್ಲಿ ಹೇಳಿದ್ದು, ವಾಟ್ಸ್‌ಆ್ಯಪ್‌ನಲ್ಲಿ ಪಟ್ಟಿ ಕಳುಹಿಸಿದ್ದು ಲಿಖಿತ ಕೋರಿಕೆಯ ಜಾಗಕ್ಕೆ ಬರುತ್ತದೆಂದು ನಂಬಿ ಕೂರುವುದು ಬೇಡ.

ಹಲವು ರಾಜ್ಯಗಳಲ್ಲಿ ಸದಸ್ಯರಿರುವ ಸಂಘಗಳಿಗೆ ಅನ್ವಯಿಸುವ 2002ರ ಬಹುರಾಜ್ಯ ಸಹಕಾರ ಸಂಘಗಳ ಅಧಿನಿಯಮದ 60ನೇ ಕಲಂ, ಕಡಿತವಾದ ದಿನದಿಂದ 14 ದಿನಗಳೊಳಗೆ ಹಣ ಕಟ್ಟಬೇಕೆಂದೂ, ಕಟ್ಟದಿದ್ದರೆ ಅದನ್ನು ಭೂಕಂದಾಯ ಬಾಕಿಯಂತೆ ವಸೂಲು ಮಾಡಬಹುದೆಂದೂ ಹೇಳುತ್ತದೆ. ನಮ್ಮ ಜಿಲ್ಲೆಯ ಸಣ್ಣ ಸಂಘಗಳೂ ತಮ್ಮ ಕರಾರು ಮತ್ತು ಕೋರಿಕೆಯಲ್ಲಿ ಇದೇ 14 ದಿನಗಳ ಗಡುವನ್ನು ಬರೆಸಿಕೊಂಡರೆ ಮುಂದೆ ‘ಯಾವಾಗ ಕಟ್ಟಬೇಕಿತ್ತು’ ಎಂಬ ತಕರಾರು ಏಳುವುದಿಲ್ಲ.

ಕಾರ್ಖಾನೆ ಮತ್ತು ಖಾಸಗಿ ಸಂಸ್ಥೆಗಳ ಲೆಕ್ಕ ವಿಭಾಗದವರು ಕಡಿತದ ಮಿತಿಯನ್ನೂ ಗಮನಿಸಬೇಕು. 1936ರ ವೇತನ ಪಾವತಿ ಅಧಿನಿಯಮದಡಿ ಸಹಕಾರ ಸಂಘದ ಬಾಬತ್ತು ಸೇರಿದ್ದರೆ ಒಟ್ಟು ಕಡಿತ ಶೇ 75ರವರೆಗೆ ಹೋಗಬಹುದಿತ್ತು. 2025ರ ನವೆಂಬರ್ 21ರಿಂದ ಜಾರಿಗೆ ಬಂದ 2019ರ ವೇತನ ಸಂಹಿತೆಯ 18ನೇ ಕಲಂ ಅದನ್ನು ಶೇ 50ಕ್ಕೆ ಇಳಿಸಿದೆ. 24,000 ರೂಪಾಯಿ ವೇತನದಲ್ಲಿ ಭವಿಷ್ಯ ನಿಧಿ 1,800, ಮುಂಗಡ 4,000, ಸಂಘದ ಕಂತು 6,500 ಎಂದಾದರೆ ಒಟ್ಟು 12,300; ಮಿತಿಗಿಂತ 300 ಹೆಚ್ಚು. ಹಳೆಯ ಲೆಕ್ಕದಲ್ಲೇ ಸಾಲ ಮಂಜೂರು ಮಾಡುತ್ತಿರುವ ಸಂಘಗಳು ಕಂತನ್ನು ಮರುನಿಗದಿ ಮಾಡಿಕೊಳ್ಳುವುದು ಒಳ್ಳೆಯದು.

ವೇತನ ಸಂಹಿತೆಯ ಇದೇ ಕಲಮಿನಲ್ಲಿ ನೌಕರರಿಗೆ ಆಸರೆಯಾಗುವ ಮತ್ತೊಂದು ಮಾತಿದೆ: ಮಾಲೀಕರು ಕಡಿತ ಮಾಡಿದ ಹಣವನ್ನು ಕಾನೂನಿನಂತೆ ಸೇರಬೇಕಾದ ಖಾತೆಗೆ ಜಮೆ ಮಾಡದಿದ್ದರೆ ಆ ತಪ್ಪಿಗೆ ನೌಕರರನ್ನು ಹೊಣೆ ಮಾಡುವಂತಿಲ್ಲ. ಹೀಗಾಗಿ ಪಾಸ್‌ಪುಸ್ತಕದಲ್ಲಿ ಕಂತು ಕಾಣದ ಸದಸ್ಯರು ಆಯಾ ತಿಂಗಳ ವೇತನ ಚೀಟಿಗಳ ನಕಲು ಲಗತ್ತಿಸಿ, ‘ಕಡಿತ ಆಗಿದೆ, ಸುಸ್ತಿ ಬಡ್ಡಿ ಹಾಕಬಾರದು’ ಎಂದು ಸಂಘಕ್ಕೆ ಬರೆದುಕೊಟ್ಟು ಸ್ವೀಕೃತಿ ಪಡೆಯಬೇಕು. ಸುಸ್ತಿದಾರರೆಂದು ದಾಖಲಾದವರು ಆಡಳಿತ ಮಂಡಳಿಯ ಸದಸ್ಯತ್ವಕ್ಕೂ ಅನರ್ಹರಾಗುವುದರಿಂದ ಇದು ಕೇವಲ ಬಡ್ಡಿಯ ಪ್ರಶ್ನೆಯಲ್ಲ.

ಸಂಘವು ತಿಂಗಳುವಾರು ಬಾಕಿಯ ತಖ್ತೆಯೊಂದಿಗೆ (ಪಟ್ಟಿಯೊಂದಿಗೆ) ಮಾಲೀಕರಿಗೆ ನೋಂದಾಯಿತ ಅಂಚೆಯಲ್ಲಿ ನೋಟಿಸು ಕಳುಹಿಸಿ, ಉತ್ತರ ಬಾರದಿದ್ದರೆ ಆಡಳಿತ ಮಂಡಳಿಯ ನಡಾವಳಿ ಮಾಡಿ, ಕರಾರು, ಕೋರಿಕೆ, ತಖ್ತೆಗಳ ಸಮೇತ ಸಹಕಾರ ಸಂಘಗಳ ಸಹಾಯಕ ನಿಬಂಧಕರ ಕಚೇರಿಯನ್ನು ಸಂಪರ್ಕಿಸಬೇಕು. ನೌಕರರು ಪ್ರತ್ಯೇಕವಾಗಿ ಕಾರ್ಮಿಕ ಇಲಾಖೆಗೆ ದೂರು ಕೊಡಬಹುದು.

ಸರ್ಕಾರಿ ಕಚೇರಿಗಳಲ್ಲಿ ಈ ಹೊಣೆ ವೇತನ ಬಟವಾಡೆ ಅಧಿಕಾರಿಯದು. ಅಲ್ಲಿ ತೊಡಕು ಹೆಚ್ಚಾಗಿ ಹುಟ್ಟುವುದು ವರ್ಗಾವಣೆಯ ಸಮಯದಲ್ಲಿ. ತುಮಕೂರಿನಿಂದ ಪಾವಗಡಕ್ಕೆ ವರ್ಗವಾದ ಗುಮಾಸ್ತರಿಗೆ ಹಳೆಯ ಕಚೇರಿ ಕೊಡುವ ಅಂತಿಮ ವೇತನ ಪ್ರಮಾಣಪತ್ರದಲ್ಲಿ ಸಂಘದ ಸಾಲದ ಬಾಕಿಯನ್ನು ನಮೂದಿಸಿರಬೇಕು, ಸಂಘವು ಪಾವಗಡದ ಕಚೇರಿಗೆ ಹೊಸದಾಗಿ ಕೋರಿಕೆ ಪತ್ರವನ್ನೂ ಕಳುಹಿಸಬೇಕು.