ನೆನಪಿನ ಚಿತ್ರ ಮಾಡುವವರಿಗೆ: ಕ್ಯಾಮೆರಾ ಸ್ವಲ್ಪ ದಿನ ಚೀಲದಲ್ಲೇ ಇರಲಿ

ಮನೆಯ ಹಿರಿಯರ ನೆನಪುಗಳನ್ನು ಸಾಕ್ಷ್ಯಚಿತ್ರ ಮಾಡಲು ಹೊರಟಿದ್ದರೆ ಮೊದಲ ವಾರ ಕ್ಯಾಮೆರಾ ಹೊರಗೆ ತೆಗೆಯಬೇಡಿ. ನಾನು ತೆಗೆದು ಕೆಟ್ಟೆ. ಕೆಜಿಎಫ್‌ ಚಿನ್ನದ ಗಣಿಯಲ್ಲಿ ದುಡಿದ ನಮ್ಮ ಸೋದರಮಾವನನ್ನು ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂರಿಸಿ, ಮುಖಕ್ಕೆ ದೀಪ ಹಿಡಿದು, "ಗಣಿಯ ನೆನಪು ಹೇಳಿ ಮಾವ" ಎಂದೆ. ಅವರು ಸ್ವಾತಂತ್ರ್ಯೋತ್ಸವದ ಭಾಷಣದಂತೆ ಗಣಿಯ ಆಳ, ಚಿನ್ನದ ತೂಕ ಎಲ್ಲವನ್ನೂ ಒಪ್ಪಿಸಿದರು. ನಲವತ್ತು ನಿಮಿಷದಲ್ಲಿ ಒಂದು ಮಾತೂ ದಕ್ಕಲಿಲ್ಲ.

ಆಮೇಲೆ ಕುರ್ಚಿ ಬಿಟ್ಟೆವು. ರೆಕಾರ್ಡರ್ ಅವರ ಜೇಬಿಗೆ, ಸಣ್ಣ ಮೈಕ್ ಅಂಗಿಯ ಗುಂಡಿಯ ಹಿಂದೆ. ಬಟ್ಟೆ ಸವರದಂತೆ ಟೇಪು ಅಂಟಿಸಿದ್ದೆ. ಮಾರಿಕುಪ್ಪಂ ನಿಲ್ದಾಣದಿಂದ ಅವರು ಪಾಳಿಗೆ ಹೋಗುತ್ತಿದ್ದ ದಾರಿಯಲ್ಲೇ ನಡೆದೆವು. ಒಂದು ಮುಳ್ಳುಬೇಲಿಯ ಬಳಿ ತಾವೇ ನಿಂತರು: ಇಲ್ಲಿ ಇಡ್ಲಿ ಮಾರುವವಳಿದ್ದಳು, ಅವಳಿಗೆ ನಾಲ್ಕು ರೂಪಾಯಿ ಬಾಕಿ ಉಳಿಯಿತು. ಇಡ್ಲಿಯ ಮಾತು ತಮಿಳಿನಲ್ಲಿ, ಬಾಕಿಯ ಲೆಕ್ಕ ತೆಲುಗಿನಲ್ಲಿ, ನಿಧಾನ ನಡೆಯೆಂದು ನನ್ನನ್ನು ಗದರಿದ್ದು ಕನ್ನಡದಲ್ಲಿ. ನಮ್ಮ ಕೋಲಾರದ ಗುರುತು ಬೇಕಿದ್ದರೆ ಈ ಹಾರಾಟದಲ್ಲೇ ಹುಡುಕಿ. ಅಡಿಬರಹ ಹಾಕುವಾಗ ಎಲ್ಲವನ್ನೂ ಒಂದೇ ಬಣ್ಣದಲ್ಲಿ ಬರೆದು ಅದನ್ನು ಅಳಿಸಬೇಡಿ. ನಾನು ಮೂರು ಭಾಷೆಗೆ ಮೂರು ಬಣ್ಣ ಕೊಟ್ಟೆ.

ಹೊರಡುವ ಮುನ್ನ ಆ ಜಾಗದ ಸದ್ದನ್ನು ಬಾಯಿ ಮುಚ್ಚಿಕೊಂಡು ಎರಡು ನಿಮಿಷ ಹಿಡಿಯಿರಿ. ಮಾತು ಕತ್ತರಿಸಿದ ಕಡೆ ತುಂಬಲು ಅದೇ ಬೇಕಾಗುತ್ತದೆ. ಗಣಿಯ ತ್ಯಾಜ್ಯದ ಮಣ್ಣು ರಾಶಿಬಿದ್ದ ಸೈನೈಡ್ ಗುಡ್ಡದ ಗಾಳಿಗೆ ಮೈಕಿನ ಮೇಲೆ ತುಪ್ಪಳದ ಕವಚವಿಲ್ಲದಿದ್ದರೆ ಬರೀ ಗೊರಗೊರ.

ಈಗ ಕ್ಯಾಮೆರಾ. ಸೆಕೆಂಡಿಗೆ 25 ಚೌಕಟ್ಟು, ಶಟರ್ ವೇಗ 1/50 ಸೆಕೆಂಡು ಇಡಿ. ನಮ್ಮ ವಿದ್ಯುತ್ 50 ಹರ್ಟ್ಸ್‌ನದು. ತಪ್ಪಿದರೆ ಟ್ಯೂಬ್‌ಲೈಟ್ ಮಿಣುಕುತ್ತದೆ. 1902ರಲ್ಲೇ ಶಿವನಸಮುದ್ರದಿಂದ ಕರೆಂಟು ತರಿಸಿಕೊಂಡ ಊರನ್ನು ಹಾಗೆ ತೋರಿಸುವುದು ಮರ್ಯಾದೆಯಲ್ಲ. ಮಾತಾಡುವ ಮುಖವನ್ನೇ ತೋರಿಸಬೇಕೆಂದಿಲ್ಲ. ಬಾಕಿಯ ಕಥೆಗೆ ನಾನು ಬೇಲಿಯನ್ನಷ್ಟೇ ಇಟ್ಟೆ.

ನೆನಪು ತಪ್ಪಿದರೆ ತಿದ್ದಲು ಹೋಗಬೇಡಿ. ಗಣಿ ಮುಚ್ಚಿದ ದಿನ ಜೋರು ಮಳೆ, ಕಾರ್ಮಿಕರ ಲೈನ್ ಮನೆಗಳ ಮುಂದೆಲ್ಲ ನೀರು ಎಂದರು ಮಾವ. ಮುಚ್ಚಿದ್ದು 2001ರ ಫೆಬ್ರವರಿ 28; ನಮ್ಮ ಸೀಮೆಯಲ್ಲಿ ಆಗ ಎಲ್ಲಿಯ ಮಳೆ? ಕಪ್ಪು ಪರದೆಯ ಮೇಲೆ ತಾರೀಖು ಬರೆದೆ, ಅದರ ಕೆಳಗೆ ಅವರ ದನಿ ಹಾಗೆಯೇ ಬಿಟ್ಟೆ. ಮಳೆಯ ಸದ್ದು ಸೇರಿಸುವ ಆಸೆಯಾಗಿತ್ತು, ತಡೆದುಕೊಂಡೆ.

ಕರಡು ಚಿತ್ರವನ್ನು ಮೊದಲು ಮನೆಯವರಿಗೇ ಗೋಡೆಯ ಮೇಲೆ ತೋರಿಸಿ, ಆಗಲೂ ರೆಕಾರ್ಡರ್ ಓಡುತ್ತಿರಲಿ. ಮಳೆಯ ಮಾತು ಬಂದಾಗ ಅತ್ತೆ ಕತ್ತಲಲ್ಲಿ, "ಮಳೆಯಲ್ಲ, ಅವತ್ತು ಬೀದಿ ನಲ್ಲಿಯ ಪೈಪು ಒಡೆದಿತ್ತು" ಎಂದರು. ಮಾವ ಒಪ್ಪಲಿಲ್ಲ. ಚಿತ್ರ ಈಗ ಅವರಿಬ್ಬರ ಜಗಳದಲ್ಲಿ ಮುಗಿಯುತ್ತದೆ.