ಹುಲ್ಲು ಕೊಚ್ಚುವ ಮಷಿನ್ ಅಟ್ಟಕ್ಕೇರಿಸುವ ಮೊದಲು

ಚೌತಿ ಹತ್ತಿರ ಬಂತೆಂದರೆ ನಮ್ಮ ಶಿರಸಿ ಕಡೆಯ ತೋಟಗಳಲ್ಲಿ ಒಂದೇ ಗೋಳು, ಮಷಿನ್ ಚಾಲೂ ಆಗುತ್ತಿಲ್ಲ. ಬೇಣದ (ತೋಟದ ಪಕ್ಕದ ಹುಲ್ಲುಗಾವಲಿನ) ಹುಲ್ಲು ಮುಗಿಸಿ ಅಟ್ಟಕ್ಕೇರಿಸಿದ್ದು ಏಳೆಂಟು ತಿಂಗಳ ಮೇಲೆ ಕೆಳಗಿಳಿದಿರುತ್ತದೆ. ಅಡಿಕೆ ಕೊನೆಕೊಯ್ಲಿನ ಮೊದಲು ತೋಟ ಸ್ವಚ್ಛವಾಗಬೇಕು, ಆಳು ಸಿಗುವುದಿಲ್ಲ, ಹಗ್ಗ ಎಳೆದೆಳೆದು ರಟ್ಟೆ ಬಿದ್ದುಹೋಗುತ್ತದೆ. ನಮ್ಮನೆಯವರಿಗೆ ಸೊಂಟನೋವು ಶುರುವಾದಂದಿನಿಂದ ಮಷಿನ್ ನೋಡಿಕೊಳ್ಳುವವಳು ನಾನೇ. ಅದು ತೋಟದಲ್ಲಿ ದುಡಿಯುವಾಗ ಕೆಡುವುದು ಕಡಿಮೆ, ಅಟ್ಟದಲ್ಲಿ ಕುಳಿತಾಗ ಕೆಡುವುದೇ ಹೆಚ್ಚು. ಅಮೆರಿಕದಲ್ಲಿರುವ ಅಳಿಯ ಹೋದ ಚಳಿಗಾಲದಲ್ಲಿ ಫೋನ್ ಮಾಡಿ, ‘ಅತ್ತೆ, ಅಂಗಳದ ಹಿಮ ಎಸೆಯುವ ಮಷಿನ್ ಏಳ್ತಾ ಇಲ್ಲ’ ಎಂದಾಗಲೂ ನಾನು ಮೊದಲು ಕೇಳಿದ್ದು ಪೆಟ್ರೋಲ್ ಯಾವಾಗ ಹಾಕಿದ್ದು ಅಂತ. ಮಾರ್ಚ್‌ನಲ್ಲಂತೆ! ಅಲ್ಲಿ ಹಿಮ, ಇಲ್ಲಿ ಹುಲ್ಲು, ರೋಗ ಒಂದೇ.

ಈಗ ಬಂಕಿನಲ್ಲಿ ಸಿಗುವ ಪೆಟ್ರೋಲಿನಲ್ಲಿ ಶೇಕಡಾ 20ರಷ್ಟು ಎಥನಾಲ್ ಇರುತ್ತದೆ. ಎಥನಾಲ್ ಗಾಳಿಯ ತೇವ ಎಳೆದುಕೊಳ್ಳುತ್ತದೆ, ನಮ್ಮ ಮಳೆಗಾಲದಲ್ಲಿ ತೇವಕ್ಕೇನು ಬರ? ನೀರು ಹೆಚ್ಚಾದಾಗ ಎಥನಾಲ್ ಅದರ ಜೊತೆ ಸೇರಿ ಟ್ಯಾಂಕಿನ ತಳಕ್ಕೆ ಇಳಿಯುತ್ತದೆ, ಪೈಪು ಪೆಟ್ರೋಲ್ ಹೀರುವುದೂ ತಳದಿಂದಲೇ. ಉಳಿದ ಪೆಟ್ರೋಲ್ ಆರಿ, ಪೆಟ್ರೋಲಿಗೆ ಗಾಳಿ ಬೆರೆಸುವ ಕಾರ್ಬ್ಯುರೇಟರಿನ ಸಣ್ಣ ತೂತುಗಳಲ್ಲಿ ಅಂಟು ಕಟ್ಟುತ್ತದೆ, ಒಳಗಿನ ತೆಳು ರಬ್ಬರ್ ಪೊರೆ ಗಟ್ಟಿಯಾಗುತ್ತದೆ. ಅನುಮಾನ ಬಂದರೆ ಹಳೆ ಪೆಟ್ರೋಲನ್ನು ಗಾಜಿನ ಬಾಟಲಿಗೆ ಸುರಿದು ಸ್ವಲ್ಪ ಹೊತ್ತು ಬಿಡಿ. ಎರಡು ಪದರ ಕಂಡರೆ ಅದನ್ನು ಮಷಿನ್ನಿಗೆ ಹಾಕಲೇಬೇಡಿ.

ಟು ಸ್ಟ್ರೋಕ್ ಮಷಿನ್ನಿಗೆ, ಅಂದರೆ ಪೆಟ್ರೋಲಿನಲ್ಲೇ ಎಣ್ಣೆ ಸೇರಿಸಬೇಕಾದ ಮಷಿನ್ನಿಗೆ, ಎಣ್ಣೆ ಬೆರೆಸಲು ಬೇರೆ ಕ್ಯಾನ್ ಇಟ್ಟುಕೊಳ್ಳಿ. ಕಂಪನಿ ಪುಸ್ತಕ 1:50 ಎಂದರೆ ಲೀಟರಿಗೆ 20 ಮಿ.ಲೀ. ಟೂಟಿ (2T) ಆಯಿಲ್, 1:25 ಎಂದರೆ 40 ಮಿ.ಲೀ. ಕಣ್ಣಂದಾಜು ಬೇಡ, ಔಷಧಿ ಅಳೆಯುವ ಮುಚ್ಚಳದಲ್ಲೇ ಅಳೆಯಿರಿ. ಎಣ್ಣೆ ಹೆಚ್ಚಾದರೆ ಕಿಡಿ ಕೊಡುವ ಪ್ಲಗ್ ಕಪ್ಪಾಗಿ ಹೊಗೆ ಬರುತ್ತದೆ, ಅಷ್ಟೆ. ಬರೀ ಪೆಟ್ರೋಲ್ ಹಾಕಿದರೆ ಮಾತ್ರ ಪಿಸ್ಟನ್ ಹಿಡಿದುಕೊಂಡು ಮಷಿನ್ನೇ ಹೋಗುತ್ತದೆ. ಕ್ಯಾನಿನ ಮೇಲೆ ಬೆರೆಸಿದ ತಾರೀಖು ಬರೆಯಿರಿ, ತಿಂಗಳು ದಾಟಿದ್ದನ್ನು ನಾನು ಬಳಸುವುದಿಲ್ಲ.

ಚಾಲೂ ಆಗದಿದ್ದಾಗ ಸಿಟ್ಟಿನಿಂದ ಹಗ್ಗ ಎಳೆಯುತ್ತ ನಿಲ್ಲಬೇಡಿ. ಸ್ವಿಚ್ ನೋಡಿ, ಹೊಸ ಪೆಟ್ರೋಲ್ ಹಾಕಿ, ಆಗಲೂ ಏಳದಿದ್ದರೆ ಪ್ಲಗ್ ಬಿಚ್ಚಿ. ಪ್ಲಗ್ಗೇ ಅರ್ಧ ಕಥೆ ಹೇಳುತ್ತದೆ. ಒದ್ದೆಯಾಗಿದ್ದರೆ ಒಳಗೆ ಪೆಟ್ರೋಲ್ ಹೆಚ್ಚಾಗಿದೆ; ಸ್ವಿಚ್ ಬಂದ್ ಮಾಡಿ, ಚೋಕ್ (ಗಾಳಿ ತಡೆಯುವ ಮುಚ್ಚಳ) ತೆರೆದು, ಪ್ಲಗ್ ಹೊರಗಿಟ್ಟೇ ಐದಾರು ಬಾರಿ ಹಗ್ಗ ಎಳೆಯಿರಿ, ಒರೆಸಿ ಹಾಕಿ. ಒಣಗಿದ್ದರೆ ಪೆಟ್ರೋಲ್ ಬರುತ್ತಿಲ್ಲ. ಟ್ಯಾಂಕಿನೊಳಗೆ ಪೈಪಿನ ತುದಿಯಲ್ಲಿ ಪುಟ್ಟ ಫಿಲ್ಟರ್ ಇರುತ್ತದೆ, ಕೊಕ್ಕೆ ಮಾಡಿದ ತಂತಿಯಿಂದ ಮೆಲ್ಲಗೆ ಎಳೆದು ನೋಡಿ. ಇಲಿ ಪೈಪು ಕಡಿದಿದೆಯೇ ಎಂದೂ ನೋಡಿ. ಚಾಲೂ ಆಗಿ ಐದು ನಿಮಿಷಕ್ಕೆ ನಿಲ್ಲುವ ಮಷಿನ್ನಿನ ಟ್ಯಾಂಕಿನ ಮುಚ್ಚಳ ಸ್ವಲ್ಪ ಸಡಿಲಿಸಿ ಮತ್ತೆ ಚಾಲೂ ಮಾಡಿ. ಆಗ ಓಡಿದರೆ ಮುಚ್ಚಳದ ಗಾಳಿತೂತು ಕಟ್ಟಿದೆ. ನಾನು ಇದು ಗೊತ್ತಿಲ್ಲದೆ ಒಮ್ಮೆ ಪೇಟೆಗೆ ಹೊತ್ತುಕೊಂಡು ಹೋಗಿ ಕಾರ್ಬ್ಯುರೇಟರನ್ನೇ ಬದಲಾಯಿಸಿಸಿದ್ದೆ. ಶಕ್ತಿಯೇ ಇಲ್ಲದೆ ಓಡುವುದಕ್ಕೆ ಏರ್ ಫಿಲ್ಟರಿನ ಧೂಳು ಕಾರಣವಿರಬಹುದು, ಸೈಲೆನ್ಸರಿನ ಜಾಲರಿಯ ಮಸಿಯೂ ಇರಬಹುದು. ಸ್ಪಂಜಿನ ಫಿಲ್ಟರನ್ನು ಸೋಪಿನ ನೀರಿನಲ್ಲಿ ತೊಳೆದು ಪೂರ್ತಿ ಒಣಗಿಸಿ ಹಾಕಿ.

ಬ್ಲೇಡ್ ಬಿಚ್ಚುವಾಗ ಎಷ್ಟೋ ಹುಡುಗರು ಸೋಲುತ್ತಾರೆ. ಹೆಚ್ಚಿನ ಮಷಿನ್‌ಗಳಲ್ಲಿ ಆ ನಟ್ಟಿನ ಸುತ್ತು ಉಲ್ಟಾ, ಗಡಿಯಾರದ ಮುಳ್ಳು ತಿರುಗುವ ಕಡೆಗೆ ತಿರುಗಿಸಿದರೆ ಸಡಿಲಾಗುತ್ತದೆ. ಗೊತ್ತಿಲ್ಲದವರು ಬಲ ಹಾಕಿ ಇನ್ನಷ್ಟು ಬಿಗಿದು, ಕೊನೆಗೆ ಸುತ್ತಿಗೆಯಿಂದ ಬಡಿಯುತ್ತಾರೆ. ಬ್ಲೇಡಿಗೆ ಬಳ್ಳಿ, ಮುಟ್ಟಿದರೆ ಮುನಿ ಸುತ್ತಿಕೊಂಡರೆ ಎಂಜಿನ್ ಬಂದ್ ಮಾಡಿ, ಪ್ಲಗ್ಗಿನ ಟೊಪ್ಪಿ ಕಿತ್ತಮೇಲೇ ಕೈ ಹಾಕಿ. ‘ಒಂದೇ ನಿಮಿಷದ ಕೆಲಸ’ ಎಂದು ಕೈ ಹಾಕಿದವರ ಬೆರಳು ನೋಡಿದವಳು ನಾನು. ಅಳಿಯನಿಗೂ ಇದನ್ನೇ ಹೇಳಿದ್ದೇನೆ. ಹಿಮದ ಮಷಿನ್ನಿನ ಬಾಯಿಯಲ್ಲಿ ಸಿಕ್ಕಿಕೊಂಡ ಹಿಮವನ್ನಂತೂ, ಎಂಜಿನ್ ನಿಂತಿದ್ದರೂ, ಕೋಲಿನಿಂದಲೇ ಬಿಡಿಸಬೇಕು. ಚಿರೆಕಲ್ಲು ಇರುವಲ್ಲಿ ಬ್ಲೇಡ್ ತಾಗಿದರೆ ಮಷಿನ್ ಕೈಯಿಂದ ಹಾರಿದ ಹಾಗೆ ಒದೆಯುತ್ತದೆ, ಸುತ್ತ 15 ಮೀಟರ್ ಒಳಗೆ ಮಕ್ಕಳು ಮರಿ ಬೇಡ. ಕಾಳುಮೆಣಸಿನ ಬಳ್ಳಿಯ ಬುಡ, ಎಳೆ ಅಡಿಕೆ ಸಸಿಯ ಬುಡ ಇವಕ್ಕೆ ಕತ್ತಿಯೇ ಸೈ. ಬ್ಲೇಡಿನ ಬದಲು ಹಾಕುವ ನೈಲಾನ್ ದಾರ ಒಮ್ಮೆ ಸವರಿದರೂ ಸಿಪ್ಪೆ ಏಳುತ್ತದೆ, ಬಳ್ಳಿ ಸತ್ತದ್ದು ತಿಂಗಳಾದ ಮೇಲೆ ಗೊತ್ತಾಗುತ್ತದೆ.

ಅಟ್ಟಕ್ಕೇರಿಸುವ ದಿನ ಅರ್ಧ ಗಂಟೆ ಕೊಡಿ. ಟ್ಯಾಂಕ್ ಖಾಲಿ ಮಾಡಿ, ಮಷಿನ್ ಚಾಲೂ ಮಾಡಿ ತಾನಾಗಿ ನಿಲ್ಲುವವರೆಗೆ ಓಡಿಸಿ, ಕಾರ್ಬ್ಯುರೇಟರ್ ಒಣಗಲಿ. ಪ್ಲಗ್ ಬಿಚ್ಚಿ ಒಂದು ಚಮಚ ಟೂಟಿ ಆಯಿಲ್ ಬಿಟ್ಟು ಮೆಲ್ಲಗೆ ಎರಡು ಮೂರು ಬಾರಿ ಹಗ್ಗ ಎಳೆಯಿರಿ. ಪ್ಲಗ್ ಹಾಕಿದ ಮೇಲೆ ಮತ್ತೊಮ್ಮೆ ಎಳೆದು, ಹಗ್ಗ ಬಿಗಿ ಎನಿಸುವಲ್ಲಿ ನಿಲ್ಲಿಸಿ. ಪಿಸ್ಟನ್ ಮೇಲಿದ್ದರೆ ತೇವ ಒಳಗೆ ಹೋಗುವುದಿಲ್ಲ. ಗೇರಿಗೆ ಗ್ರೀಸ್ ತುಂಬಿ, ಬ್ಲೇಡಿಗೆ ಎಣ್ಣೆ ಸವರಿ. ಬೆಚ್ಚಗಿರಲಿ ಎಂದು ಬಚ್ಚಲ ಒಲೆಯ ಹತ್ತಿರ ಮಾತ್ರ ನೇತುಹಾಕಬೇಡಿ, ಪೆಟ್ರೋಲಿನ ಆವಿ ಉಳಿದಿದ್ದರೆ ಬೆಂಕಿ ಹಿಡಿಯುತ್ತದೆ. ಕೊನೆಗೆ ಸೈಲೆನ್ಸರಿನ ಬಾಯಿಗೆ ಒಂದು ಬಟ್ಟೆ ತುರುಕಿ, ತುದಿ ಹೊರಗೆ ಕಾಣುವ ಹಾಗೆ. ಇಲ್ಲದಿದ್ದರೆ ಚೌತಿ ಹೊತ್ತಿಗೆ ಕುಂಬಾರ ಹುಳ ಅಲ್ಲಿ ಮಣ್ಣಿನ ಮನೆ ಕಟ್ಟಿರುತ್ತದೆ.