‘ಗೆಲ್ಲು’ ಕ್ರಿಯಾಪದದ ಮೂಲ ಮತ್ತು ಅರ್ಥಗಳನ್ನು ಬಿಡಿಸುವ ಕ್ರಮ

ಮುಂಬಯಿಯಲ್ಲಿ ಬೆಳೆಯುವ ಕನ್ನಡದ ಮಕ್ಕಳಿಗೆ ಮರಾಠಿಯ ‘ಜಿಂಕಣೇ’, ಹಿಂದಿಯ ‘ಜೀತ್‌ನಾ’ ಎರಡೂ ದಿನನಿತ್ಯ ಕಿವಿಗೆ ಬೀಳುವ ಮಾತುಗಳಾದ್ದರಿಂದ, ‘ಗೆಲ್ಲು’ ಕೂಡ ಅವುಗಳ ಒಡಹುಟ್ಟೇ ಇರಬೇಕೆಂಬ ಊಹೆ ಸಹಜವಾಗಿ ಮೂಡುತ್ತದೆ. ಕನ್ನಡ ಕಲಿಸುವವರು ಈ ಊಹೆಯನ್ನು ಒರೆಗೆ ಹಚ್ಚಬೇಕಾದರೆ ಅರ್ಥದಿಂದಲ್ಲ, ರೂಪದಿಂದ ಹೊರಡಬೇಕು.

ಮೊದಲು ಭೂತಕಾಲದ ರೂಪವನ್ನು ಹೇಳಿಸಿ. ‘ಗೆಲ್ಲಿದೆ’ ಎಂದ ಮಗುವಿಗೆ ‘ಗೆದ್ದೆ’ ಎಂದಷ್ಟೇ ತಿದ್ದಿ ಮುಂದೆ ಸಾಗದೆ, ಹಳಗನ್ನಡದ ‘ಗೆಲ್’ ಧಾತುವಿಗೆ ‘ದು’ ಸೇರಿ ‘ಗೆಲ್ದು’ ಆಗಿ, ಲಕಾರವು ದಕಾರದಲ್ಲಿ ಕರಗಿ ‘ಗೆದ್ದು’ ಆದ ಬಗೆಯನ್ನು ಹಲಗೆಯ ಮೇಲೆ ಬರೆದು ತೋರಿಸಿ. ‘ಮೆಲ್ಲು’ ‘ಮೆದ್ದು’ ಆಗುವುದೂ ಹೀಗೆಯೇ. ‘ಕೊಲ್ಲು’, ‘ನಿಲ್ಲು’ಗಳ ದಾರಿ ಮಾತ್ರ ಬೇರೆ. ಪಕ್ಕದಲ್ಲಿ ತೆಲುಗಿನ ‘ಗೆಲುಚು’, ‘ಗೆಲುಪು’ಗಳನ್ನು ಬರೆದರೆ ದ್ರಾವಿಡ ಬಳಗ ಕಣ್ಣಿಗೆ ಕಟ್ಟುತ್ತದೆ.

ಬಳಿಕ ಸಂಸ್ಕೃತದ ‘ಜಿ’ ಧಾತುವಿಗೆ ಬನ್ನಿ. ಜಯ, ಅಜೇಯ, ಜಿತೇಂದ್ರಿಯ, ಜಿನ ಎಲ್ಲವೂ ಅಲ್ಲಿಂದಲೇ ಬಂದವು. ‘ಜೀತ್‌ನಾ’, ‘ಜಿಂಕಣೇ’ಗಳ ಮನೆತನವೂ ಅದೇ. ಈ ಧಾತುವಿನ ಹಿಂದೆ ‘ವಿ’ ಅಥವಾ ‘ಪರಾ’ ಬಂದಾಗ ‘ಜಯತಿ’ ಎಂಬುದು ‘ವಿಜಯತೇ’, ‘ಪರಾಜಯತೇ’ ಎಂದು ಆತ್ಮನೇಪದ (ಕೊನೆಯಲ್ಲಿ ‘ತಿ’ಯ ಬದಲು ‘ತೇ’ಯಂಥ ಪ್ರತ್ಯಯ ಬರುವ ಕ್ರಿಯಾರೂಪ) ಆಗುತ್ತದೆಂದು ಪಾಣಿನಿ ಪ್ರತ್ಯೇಕ ಸೂತ್ರವನ್ನೇ ಮಾಡಿದ್ದಾನೆ. ಮಕ್ಕಳಿಗೆ ಇಷ್ಟು ವ್ಯಾಕರಣ ಬೇಡ, ಕಲಿಸುವವರಿಗೆ ತಿಳಿದಿದ್ದರೆ ಸಾಕು.

ಅರ್ಥವನ್ನು ಕಲಿಸುವಾಗ ಹೆಚ್ಚು ಹೊತ್ತು ನಿಲ್ಲಬೇಕಾದದ್ದು ‘ಗೆಲುವು’ ಎಂಬಲ್ಲಿ. ‘ಶತ್ರುವನ್ನು ಗೆದ್ದ’, ‘ಚುನಾವಣೆಯಲ್ಲಿ ಗೆದ್ದ’, ‘ಮಾತಿನಲ್ಲೇ ಮನ ಗೆದ್ದ’ ಎಂಬ ವಾಕ್ಯಗಳಲ್ಲಿ ಎದುರಾಳಿಯೋ, ಕಣವೋ, ಒಲಿಸಿಕೊಳ್ಳಬೇಕಾದ ಮನಸ್ಸೋ ಇದ್ದೇ ಇರುತ್ತದೆ. ಆದರೆ ಜ್ವರ ಬಿಟ್ಟು ಎದ್ದು ಕುಳಿತು ಗಂಜಿ ಕೇಳುವ ಮಗುವನ್ನು ನೋಡಿ ಅಜ್ಜಿ ‘ಇವತ್ತು ಗೆಲುವಾಗಿದೆ’ ಎನ್ನುವಾಗ ಅಲ್ಲಿ ಸೋತವರು ಯಾರೂ ಇಲ್ಲ. ಲವಲವಿಕೆ, ಚೇತರಿಕೆ ಎಂಬುದೇ ಅರ್ಥ. ಅದೇ ವಾಕ್ಯದಲ್ಲಿ ‘ಜಯವಾಗಿದೆ’ ಎಂದು ಹಾಕಿಸಿ ನೋಡಿ, ಮಕ್ಕಳೇ ನಗುತ್ತಾರೆ. ‘ಜಯಿಸು’ ಮತ್ತು ‘ಗೆಲ್ಲು’ ಅದಲುಬದಲಾಗುವ ಪದಗಳೆಂದು ನಿಘಂಟು ನೋಡಿ ನಂಬಿದವರಿಗೆ ಇದಕ್ಕಿಂತ ಒಳ್ಳೆಯ ಉತ್ತರ ನನಗೆ ತೋರುವುದಿಲ್ಲ.

ಕರಾವಳಿಯ ಮೂಲದ ಮನೆಗಳಿಂದ ಬರುವ ಮಕ್ಕಳಿದ್ದರೆ ಇನ್ನೊಂದು ಎಚ್ಚರ ಬೇಕು. ಅವರಿಗೆ ‘ಮಾವಿನ ಗೆಲ್ಲು’ ಎಂದರೆ ಕೊಂಬೆ. ಅದು ನಾಮಪದ: ‘ಗೆಲ್ಲುಗಳು’ ಎಂದಾಗುತ್ತದೆಯೇ ಹೊರತು ‘ಗೆದ್ದು’ ಎಂದು ಆಗುವುದಿಲ್ಲ. ಆದ್ದರಿಂದ ಪದಪಟ್ಟಿಯಲ್ಲಿ ಎರಡನ್ನೂ ಬೇರೆ ಬೇರೆ ಸಾಲುಗಳಲ್ಲಿ ಬರೆಸಿ.